ವಿಕಾಸಕ್ಕೆ ಅಂಟಿದ ‘ವಾದ’

‘ಅದು ಬರೀ ಒಂದು ಥಿಯರಿ ತಾನೆ?’ ಜೀವವಿಕಾಸದ ಮಾತು ಬಂದಲ್ಲೆಲ್ಲ ಈ ಪ್ರಶ್ನೆ ತಪ್ಪದೆ ಏಳುತ್ತದೆ. ಕೇಳುವವರಲ್ಲಿ ಹೆಚ್ಚಿನವರು ವಿಜ್ಞಾನದ ವೈರಿಗಳಲ್ಲ. ಓದಿದವರು, ಎಂಜಿನಿಯರುಗಳು, ವೈದ್ಯರು, ಒಮ್ಮೊಮ್ಮೆ ವಿಜ್ಞಾನ ಕಲಿಸುವ ಮೇಷ್ಟ್ರುಗಳೂ ಹೌದು. ಅವರ ಮನಸ್ಸಿನಲ್ಲಿ ಒಂದು ಮೆಟ್ಟಿಲ ಸಾಲಿದೆ. ಮೊದಲು ಊಹೆ ಹುಟ್ಟುತ್ತದೆ, ಒಂದಿಷ್ಟು ಪುರಾವೆ ಕೂಡಿದಾಗ ಅದು ಥಿಯರಿಯಾಗುತ್ತದೆ, ಪೂರ್ತಿ ಸಾಬೀತಾದ ದಿನ ನಿಯಮವಾಗಿ ಬಡ್ತಿ ಪಡೆಯುತ್ತದೆ. ನ್ಯೂಟನ್‌ನದು ನಿಯಮ, ಡಾರ್ವಿನ್‌ನದು ಇನ್ನೂ ಥಿಯರಿ. ಹಾಗಾಗಿ ಮೊದಲನೆಯದನ್ನು ಒಪ್ಪಲೇಬೇಕು, ಎರಡನೆಯದನ್ನು ಒಪ್ಪುವುದೂ ಬಿಡುವುದೂ ನಮ್ಮ ಇಷ್ಟ. ಈ ಮೆಟ್ಟಿಲ ಚಿತ್ರವೇ ತಪ್ಪು ಎಂಬುದು ನನ್ನ ವಾದ. ವಿಜ್ಞಾನದಲ್ಲಿ ಥಿಯರಿ ಎಂಬುದು ಸತ್ಯದ ಕೆಳಗಿನ ಮೆಟ್ಟಿಲಲ್ಲ, ಅದಕ್ಕಿಂತ ಎತ್ತರದ ಮೆಟ್ಟಿಲೇ ಅಲ್ಲಿ ಇಲ್ಲ. ಕನ್ನಡಿಗರಾದ ನಾವು ಈ ತಪ್ಪಿಗೆ ಇನ್ನೊಂದನ್ನು ನಮ್ಮ ಕೈಯಾರೆ ಸೇರಿಸಿಕೊಂಡಿದ್ದೇವೆ. ಇಂಗ್ಲಿಷಿನವರು ಒಂದೇ ಪದದ ಎರಡು ಅರ್ಥಗಳ ನಡುವೆ ಗೊಂದಲಗೊಂಡರೆ, ನಾವು ಗೊಂದಲವನ್ನು ಹೆಸರಿನಲ್ಲೇ ಹೊಲಿದು ಡಾರ್ವಿನ್‌ನ ಥಿಯರಿಯನ್ನು ‘ವಿಕಾಸವಾದ’ ಎಂದು ಕರೆದಿದ್ದೇವೆ.

ಥಿಯರಿ ಎಂಬ ಪದ ಕನ್ನಡದ ಆಡುಮಾತಿಗೆ ಬಂದದ್ದು ಮುಖ್ಯವಾಗಿ ಕಾಲೇಜಿನ ಬಾಗಿಲಿನಿಂದ. ಅಲ್ಲಿ ಥಿಯರಿ ಎಂದರೆ ಪುಸ್ತಕ ಓದಿ ಬರೆಯುವ ಪತ್ರಿಕೆ, ಪ್ರಾಕ್ಟಿಕಲ್ ಎಂದರೆ ಕೈಯಾರೆ ಮಾಡುವ ಕೆಲಸ. ಥಿಯರಿಯಲ್ಲಿ ನೂರಕ್ಕೆ ತೊಂಬತ್ತು ಪಡೆದವನಿಗೆ ಫ್ಯೂಸು ಹಾಕಲು ಬರುವುದಿಲ್ಲ ಎಂದು ಮನೆಮಂದಿ ಆಡಿಕೊಳ್ಳುವುದು ಈ ಅರ್ಥದಲ್ಲಿ. ಹೀಗೆ ಈ ಪದಕ್ಕೆ ಮೊದಲ ದಿನದಿಂದಲೇ ‘ಬದುಕಿಗೆ ಒದಗದ್ದು’ ಎಂಬ ವಾಸನೆ ಹತ್ತಿಕೊಂಡಿತು. ಎರಡನೆಯ ಅರ್ಥ ಪತ್ರಿಕೆಗಳ ಅಪರಾಧ ಸುದ್ದಿಯಿಂದ ಬಂದದ್ದು: ಕೊಲೆ ಹೇಗಾಯಿತು ಎಂಬುದರ ಬಗ್ಗೆ ಪೊಲೀಸರದೊಂದು ಥಿಯರಿ, ನೆರೆಯವರದೊಂದು ಥಿಯರಿ. ಇಲ್ಲಿ ಅದು ಗುಮಾನಿಗೆ ಇನ್ನೊಂದು ಹೆಸರು. ಮೂರನೆಯದು ವಿಜ್ಞಾನದ ಅರ್ಥ. ಚದುರಿ ಬಿದ್ದ ನೂರಾರು ಸಂಗತಿಗಳನ್ನು ಒಂದೇ ಕಾರಣದ ಎಳೆಯಲ್ಲಿ ಪೋಣಿಸಿ ವಿವರಿಸುವ, ಇನ್ನೂ ಯಾರೂ ನೋಡದ ಸಂಗತಿಯನ್ನು ಮುಂಚಿತವಾಗಿ ಹೇಳಬಲ್ಲ, ಹೇಳಿದ್ದು ಸುಳ್ಳಾದರೆ ಕೆಳಗಿಳಿಯಲು ಸಿದ್ಧವಿರುವ, ಮತ್ತೆ ಮತ್ತೆ ಒರೆಗೆ ಹಚ್ಚಿಯೂ ಉಳಿದುಬಂದ ವಿವರಣೆಗೆ ವಿಜ್ಞಾನಿಗಳು ಇಟ್ಟ ಹೆಸರು ಅದು. ಸೋಂಕುರೋಗಗಳಿಗೆ ಸೂಕ್ಷ್ಮಜೀವಿಗಳು ಕಾರಣ ಎಂಬುದು ಈ ಅರ್ಥದಲ್ಲಿ ಥಿಯರಿ. ಎಲ್ಲ ಜೀವಿಗಳೂ ಕೋಶಗಳಿಂದಾಗಿವೆ ಎಂಬುದು, ವಸ್ತುವೆಲ್ಲ ಪರಮಾಣುಗಳಿಂದಾಗಿದೆ ಎಂಬುದು ಕೂಡ ಥಿಯರಿಗಳೇ. ಶಸ್ತ್ರಚಿಕಿತ್ಸೆಗೆ ಮುನ್ನ ವೈದ್ಯರು ಕೈ ತೊಳೆಯುವುದು ಥಿಯರಿಯೊಂದನ್ನು ನಂಬಿ. ಅದನ್ನು ‘ಬರೀ ಥಿಯರಿ’ ಎಂದು ತಳ್ಳಿಹಾಕಿ ತೊಳೆಯದ ಕೈಗೆ ಹೊಟ್ಟೆ ಒಡ್ಡುವವರು ಯಾರೂ ಇಲ್ಲ.

ಇನ್ನು ಮೆಟ್ಟಿಲಿನ ಮಾತು. ನಿಯಮವೂ ಥಿಯರಿಯೂ ಒಂದೇ ಏಣಿಯ ಎರಡು ಹಲ್ಲುಗಳಲ್ಲ, ಅವು ಬೇರೆ ಬೇರೆ ಕೆಲಸದ ಉಪಕರಣಗಳು. ನಿಯಮ ಏನಾಗುತ್ತದೆ ಎಂದು ಹೇಳುತ್ತದೆ. ಥಿಯರಿ ಯಾಕೆ ಹಾಗಾಗುತ್ತದೆ ಎಂದು ಹೇಳುತ್ತದೆ. ಉಷ್ಣತೆ ಬದಲಾಗದಿದ್ದರೆ ಅನಿಲದ ಒತ್ತಡ ಹೆಚ್ಚಿದಷ್ಟೂ ಅದರ ಗಾತ್ರ ಕುಗ್ಗುತ್ತದೆ ಎಂದು ರಾಬರ್ಟ್ ಬಾಯ್ಲ್ 1662ರಲ್ಲಿ ಪ್ರಕಟಿಸಿದ. ಅದು ನಿಯಮ. ಕಾರಣ ಅವನ ಸೂತ್ರದಲ್ಲಿ ಇರಲಿಲ್ಲ. ಅನಿಲವೆಂದರೆ ಎಡೆಬಿಡದೆ ಓಡಾಡುವ ಅಣುಗಳ ಗುಂಪು, ಅವು ಪಾತ್ರೆಯ ಗೋಡೆಗೆ ಬಡಿಯುವುದೇ ಒತ್ತಡ ಎಂಬ ಚಲನ ಸಿದ್ಧಾಂತ ಹತ್ತೊಂಬತ್ತನೆಯ ಶತಮಾನದಲ್ಲಿ ಕಾರಣವನ್ನು ಕೊಟ್ಟಿತು. ಅಷ್ಟೇ ಅಲ್ಲ, ಒತ್ತಡ ಬಹಳ ಏರಿದಾಗ ಬಾಯ್ಲ್‌ನ ನಿಯಮ ಏಕೆ ಕೈಕೊಡುತ್ತದೆ ಎಂಬುದನ್ನೂ ಅದೇ ತಳಹದಿಯ ಮೇಲೆ ವಾನ್ ಡರ್ ವಾಲ್ಸ್ 1873ರಲ್ಲಿ ವಿವರಿಸಿದ. ಸೋತದ್ದು ನಿಯಮ, ಅದು ಸೋಲುವ ಜಾಗವನ್ನು ತೋರಿಸಿಕೊಟ್ಟದ್ದು ಥಿಯರಿ.

ಗುರುತ್ವದ ಕಥೆ ಇದಕ್ಕಿಂತ ಕಣ್ಣಿಗೆ ಕಟ್ಟುವಂಥದ್ದು. ಯುರೇನಸ್ ಗ್ರಹ ನ್ಯೂಟನ್‌ನ ಲೆಕ್ಕದಂತೆ ಸಾಗುತ್ತಿರಲಿಲ್ಲ. ಆಚೆ ಇನ್ನೊಂದು ಗ್ರಹ ಕುಳಿತು ಅದನ್ನು ಎಳೆಯುತ್ತಿರಬೇಕೆಂದು ಫ್ರಾನ್ಸಿನ ಲೆವೆರಿಯೆ ಕಾಗದದ ಮೇಲೆ ಅದರ ಜಾಗವನ್ನು ಗುರುತಿಸಿದ. 1846ರ ಸೆಪ್ಟೆಂಬರ್ 23ರ ರಾತ್ರಿ ಬರ್ಲಿನ್ ವೀಕ್ಷಣಾಲಯದಲ್ಲಿ ಗಾಲೆ ದೂರದರ್ಶಕವನ್ನು ಅತ್ತ ತಿರುಗಿಸಿದಾಗ, ಹೇಳಿದ ಜಾಗದಿಂದ ಒಂದು ಡಿಗ್ರಿಯೊಳಗೆ ನೆಪ್ಚೂನ್ ಸಿಕ್ಕಿತು. ಅದೇ ಲೆವೆರಿಯೆ ಬುಧ ಗ್ರಹದ ಪಥದಲ್ಲೂ ವ್ಯತ್ಯಾಸ ಕಂಡ. ಅದೇ ದಾರಿ ಹಿಡಿದು, ಸೂರ್ಯನ ಸಮೀಪದಲ್ಲಿ ವಲ್ಕನ್ ಎಂಬ ಗ್ರಹ ಇರಬೇಕೆಂದ. ವಲ್ಕನ್ ಸಿಗಲೇ ಇಲ್ಲ, ಏಕೆಂದರೆ ಅಲ್ಲಿ ಅಂಥ ಗ್ರಹವಿಲ್ಲ. ಒಂದು ಶತಮಾನಕ್ಕೆ 43 ಸೆಕೆಂಡಿನಷ್ಟು ಕೋನದ ಆ ಸಣ್ಣ ವ್ಯತ್ಯಾಸವನ್ನು 1915ರ ನವೆಂಬರಿನಲ್ಲಿ ವಿವರಿಸಿದ್ದು ಐನ್‌ಸ್ಟೈನ್‌ನ ಸಾಮಾನ್ಯ ಸಾಪೇಕ್ಷತಾ ಸಿದ್ಧಾಂತ. ಮೆಟ್ಟಿಲ ಚಿತ್ರವನ್ನು ನಂಬಿದವರು ಈ ಘಟನೆಯನ್ನು ಹೇಗೆ ಅರ್ಥ ಮಾಡಿಕೊಳ್ಳುತ್ತಾರೆ? ‘ನಿಯಮ’ ಎಂಬ ಪಟ್ಟ ಕಟ್ಟಿಕೊಂಡಿದ್ದು ಬುಧನ ಮುಂದೆ ಎಡವಿತು, ‘ಥಿಯರಿ’ ಎಂದೇ ಇಂದಿಗೂ ಕರೆಸಿಕೊಳ್ಳುವುದು ಗೆದ್ದಿತು. ಗೆದ್ದ ಮೇಲೂ ಯಾರೂ ಅದಕ್ಕೆ ನಿಯಮವೆಂದು ಬಡ್ತಿ ಕೊಡಲಿಲ್ಲ, ಕೊಡುವಂಥ ಬಡ್ತಿ ಇಲ್ಲದ ಕಾರಣ. ಇಂದು ಕೈಯಲ್ಲಿರುವ ಮೊಬೈಲು ದಾರಿ ತೋರಿಸುವುದೂ ಈ ಥಿಯರಿಯಿಂದಲೇ. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡು ಮುಂದೆ ಓಡುತ್ತವೆ. ಸಾಪೇಕ್ಷತೆಯ ಲೆಕ್ಕ ಹಾಕಿ ಅದನ್ನು ತಿದ್ದದೆ ಹೋದರೆ, ಒಂದೇ ದಿನದಲ್ಲಿ ನಮ್ಮ ಸ್ಥಾನ ಹತ್ತು ಕಿಲೋಮೀಟರಿನಷ್ಟು ತಪ್ಪುತ್ತದೆ.

ಈಗ ಜೀವವಿಕಾಸಕ್ಕೆ ಬರೋಣ. ಇಲ್ಲಿ ಎರಡು ಸಂಗತಿಗಳನ್ನು ಬೇರೆಬೇರೆಯಾಗಿ ಹಿಡಿಯಬೇಕು. ಹಣ್ಣು ಕೆಳಗೆ ಬೀಳುವುದು ಸಂಗತಿ, ಯಾಕೆ ಬೀಳುತ್ತದೆ ಎಂಬುದನ್ನು ಹೇಳುವುದು ಗುರುತ್ವದ ಸಿದ್ಧಾಂತ. ಹಾಗೆಯೇ, ಜೀವಿಗಳು ಕಾಲಾಂತರದಲ್ಲಿ ಬದಲಾಗಿವೆ, ಬೇರೆ ಬೇರೆ ಜೀವಿಗಳಿಗೆ ಸಮಾನ ಪೂರ್ವಜರಿದ್ದರು ಎಂಬುದು ಸಂಗತಿ. ನೈಸರ್ಗಿಕ ಆಯ್ಕೆ ಮೊದಲಾದ ಕಾರಣಗಳಿಂದ ಅದನ್ನು ವಿವರಿಸುವುದು ವಿಕಾಸದ ಸಿದ್ಧಾಂತ. 1859ರಲ್ಲಿ ಡಾರ್ವಿನ್ ತನ್ನ ಗ್ರಂಥವನ್ನು ಹೊರತಂದಾಗಿನಿಂದ ಈ ಸಿದ್ಧಾಂತ ನೆಪ್ಚೂನಿನಂಥ ಪರೀಕ್ಷೆಗಳನ್ನು ಎದುರಿಸುತ್ತಲೇ ಬಂದಿದೆ. ಮೀನಿಗೂ ನಾಲ್ಕು ಕಾಲಿನ ಪ್ರಾಣಿಗಳಿಗೂ ನಡುವಿನ ಜೀವಿಯ ಪಳೆಯುಳಿಕೆ ಎಲ್ಲಿ ಸಿಗಬೇಕು? ಸಿದ್ಧಾಂತ ಸರಿಯಾಗಿದ್ದರೆ ಸುಮಾರು 37 ಕೋಟಿ ವರ್ಷ ಹಿಂದಿನ, ಆಳವಿಲ್ಲದ ಹೊಳೆಗಳು ಹಾಸಿಹೋದ ಬಂಡೆಗಳಲ್ಲಿ ಸಿಗಬೇಕು. ನೀಲ್ ಶೂಬಿನ್ ಮತ್ತು ಸಂಗಡಿಗರು ಅಂಥ ಬಂಡೆ ಎಲ್ಲಿದೆ ಎಂದು ಭೂವಿಜ್ಞಾನದ ನಕ್ಷೆಯಲ್ಲಿ ಹುಡುಕಿ ಕೆನಡಾದ ಉತ್ತರ ತುದಿಯ ಎಲ್ಸ್‌ಮಿಯರ್ ದ್ವೀಪಕ್ಕೆ ಹೋದರು. ಹಲವು ಬೇಸಿಗೆಗಳ ಹುಡುಕಾಟದ ನಂತರ 2004ರಲ್ಲಿ ಟಿಕ್ಟಾಲಿಕ್ ಸಿಕ್ಕಿತು: ಮೀನಿನಂತೆ ಹುರುಪೆ, ಈಜುರೆಕ್ಕೆ, ಆ ರೆಕ್ಕೆಯೊಳಗೆ ಮಣಿಕಟ್ಟಿನ ಎಲುಬು, ಮೀನಿಗಿರದ ಕುತ್ತಿಗೆ. ಗುಮಾನಿಯ ಬಲದಿಂದ ಯಾರೂ ಹಿಮದ ನಾಡಿನ ಇಂಥದೇ ಬಂಡೆಯನ್ನು ಅಗೆಯುವುದಿಲ್ಲ, ಅಗೆದರೂ ಇಂಥದೇ ಪ್ರಾಣಿ ಸಿಗುವುದಿಲ್ಲ.

ನಮ್ಮ ನೆಲದ್ದೇ ಸಾಕ್ಷಿ ಬೇಕೆಂದರೆ ಜಮ್ಮು–ಕಾಶ್ಮೀರದ ಕಾಲಾಕೋಟ್ ಇದೆ. ಭಾರತೀಯ ಭೂವಿಜ್ಞಾನಿ ಎ. ರಂಗರಾವ್ ಅಲ್ಲಿ ಪಳೆಯುಳಿಕೆಗಳನ್ನು ಆಯ್ದು, 1971ರಲ್ಲಿ ಒಂದು ಸಣ್ಣ ಗೊರಸಿನ ಪ್ರಾಣಿಗೆ ಇಂಡೋಹಿಯಸ್ ಎಂದು ಹೆಸರಿಟ್ಟರು. ಅವರು ಕೂಡಿಟ್ಟ ಬಂಡೆಗಳ ಬಹುಪಾಲು ಒಡೆಯದೆ ಹಾಗೇ ಉಳಿದಿತ್ತು. ದಶಕಗಳ ಬಳಿಕ ಹಾನ್ಸ್ ಥೆವಿಸನ್ ಮತ್ತು ಸಂಗಡಿಗರು ಆ ಬಂಡೆಗಳಿಂದ ತಲೆಬುರುಡೆಗಳನ್ನು ಬಿಡಿಸಿದಾಗ, ತಿಮಿಂಗಿಲಗಳ ಗುರುತೆಂದೇ ತಿಳಿದಿದ್ದ ದಪ್ಪ ಗೋಡೆಯ ಕಿವಿಯ ಎಲುಬು ಈ ನೆಲದ ಪ್ರಾಣಿಯಲ್ಲಿ ಕಂಡಿತು. 2007ರಲ್ಲಿ ಅದು ಪ್ರಕಟವಾಯಿತು. ತಿಮಿಂಗಿಲ ಗೊರಸಿನ ಪ್ರಾಣಿಗಳ ನೆಂಟ ಎಂದು ಡಿಎನ್‌ಎ ಆ ಮೊದಲೇ ಹೇಳಿತ್ತು. ಒಂದಕ್ಕೊಂದು ಸಂಬಂಧವಿಲ್ಲದ ಎರಡು ದಾರಿಗಳು ಒಂದೇ ಮನೆಯ ಬಾಗಿಲಿಗೆ ಬಂದು ನಿಂತವು. ‘ಮಂಗನಿಂದ ಮಾನವ’ ಎಂಬ ಸವಕಲು ಮಾತನ್ನು ಹಿಡಿದು ಜಗ್ಗುವವರಿಗೂ ಇಂಥದೇ ಉತ್ತರವಿದೆ. ಇಂದಿನ ಯಾವ ಮಂಗವೂ ಮನುಷ್ಯನ ಅಜ್ಜನಲ್ಲ. ಇಬ್ಬರಿಗೂ ಒಬ್ಬನೇ ಅಜ್ಜನಿದ್ದ ಎಂಬುದಷ್ಟೇ ಸಿದ್ಧಾಂತದ ಮಾತು. ಚಿಂಪಾಂಜಿ, ಗೊರಿಲ್ಲಾ, ಒರಾಂಗುಟಾನ್‌ಗಳಿಗೆ 24 ಜೊತೆ ವರ್ಣತಂತುಗಳು, ನಮಗೆ 23. ಪೂರ್ವಜ ಒಬ್ಬನೇ ಆಗಿದ್ದರೆ ಆ ಒಂದು ಜೊತೆ ಎಲ್ಲಿ ಹೋಯಿತು? ನಮ್ಮಲ್ಲಿ ಎರಡು ತಂತುಗಳು ಬೆಸೆದುಕೊಂಡಿರಬೇಕು, ಬೆಸುಗೆಯ ಗುರುತು ಉಳಿದಿರಬೇಕು. 1991ರಲ್ಲಿ ಮನುಷ್ಯನ ಎರಡನೆಯ ವರ್ಣತಂತುವಿನ ಒಡಲಲ್ಲಿ, ತುದಿಯಲ್ಲಿ ಮಾತ್ರ ಇರಬೇಕಾದ ಡಿಎನ್‌ಎ ಸಾಲುಗಳು ಮುಖಕ್ಕೆ ಮುಖ ಕೊಟ್ಟು ನಿಂತಿದ್ದನ್ನು ಸಂಶೋಧಕರು ಕಂಡರು.

ಇವೆಲ್ಲ ದೂರದ ಕಾಲದ ಮಾತು, ಕಣ್ಣಾರೆ ಕಂಡವರು ಯಾರು ಎನ್ನುವವರು ಹತ್ತಿಯ ಹೊಲಕ್ಕೆ ಬರಬಹುದು. 2002ರಲ್ಲಿ ಬಿಟಿ ಹತ್ತಿಗೆ ಅನುಮತಿ ಸಿಕ್ಕಾಗ ಕರ್ನಾಟಕದ ರೈತರೂ ಅದನ್ನು ಬಿತ್ತಿದರು. ಗಿಡವೇ ಕಾಯಿಕೊರಕ ಹುಳುವನ್ನು ಕೊಲ್ಲುವ ವಿಷ ತಯಾರಿಸುತ್ತಿತ್ತು. ಎಂಟು ವರ್ಷ ತುಂಬುವುದರೊಳಗೆ, 2010ರಲ್ಲಿ, ಗುಜರಾತಿನ ಗುಲಾಬಿ ಕಾಯಿಕೊರಕಗಳು ಆ ವಿಷಕ್ಕೆ ಜಗ್ಗುತ್ತಿಲ್ಲವೆಂದು ಬೀಜ ತಯಾರಿಸಿದ ಮಾನ್ಸಾಂಟೊ ಕಂಪನಿಯೇ ಒಪ್ಪಿಕೊಂಡಿತು. ಹುಳುಗಳು ಹಟ ತೊಟ್ಟು ಬದಲಾಗಲಿಲ್ಲ. ಸಾವಿರಾರು ಹುಳುಗಳಲ್ಲಿ ಹುಟ್ಟಿನಿಂದಲೇ ವಿಷ ತಾಳಬಲ್ಲವು ಕೆಲವಿದ್ದವು. ಉಳಿದವು ಸತ್ತವು, ಇವು ಮೊಟ್ಟೆಯಿಟ್ಟವು. ಬಿಟಿ ಬೀಜದ 450 ಗ್ರಾಂ ಪೊಟ್ಟಣದ ಜೊತೆಗೆ 120 ಗ್ರಾಂ ಸಾದಾ ಹತ್ತಿಯ ಬೀಜ ಕೊಟ್ಟು, ಅದನ್ನು ಹೊಲದ ಸುತ್ತ ಬಿತ್ತಿ ಎಂದು ಹೇಳುತ್ತಿದ್ದುದು ಇದನ್ನು ತಡೆಯಲಿಕ್ಕೆ. ವಿಷ ತಾಳದ ಹುಳುಗಳೂ ಒಂದಿಷ್ಟು ಬದುಕಿ, ತಾಳುವ ಹುಳುಗಳೊಡನೆ ಕೂಡಿದರೆ ಆ ಗುಣ ಹರಡುವುದು ತಡವಾಗುತ್ತದೆ. ಅಂದರೆ ಆ ಸಣ್ಣ ಪೊಟ್ಟಣ ಪೂರ್ತಿ ವಿಕಾಸ ಸಿದ್ಧಾಂತದ ಲೆಕ್ಕದಿಂದ ಹುಟ್ಟಿದ್ದು. ವಿಕಾಸವೆಂದರೆ ‘ಬರೀ ಥಿಯರಿ’ ಎಂದುಕೊಂಡ ಸಮಾಜದಲ್ಲಿ ಆ ಸಾದಾ ಬೀಜದ ಮಹತ್ವವನ್ನು ರೈತರಿಗೆ ಯಾರೂ ಬಿಡಿಸಿ ಹೇಳಲಿಲ್ಲ. ಬಹಳ ಹೊಲಗಳಲ್ಲಿ ಅದು ಮಣ್ಣು ಸೇರಲೇ ಇಲ್ಲ. ಪದದ ತಪ್ಪಿಗೆ ಬೆಲೆ ತೆರುವವರು ಪಂಡಿತರಲ್ಲ.

ಇಷ್ಟು ತೂಕದ ಜ್ಞಾನಕ್ಕೆ ಕನ್ನಡ ಕೊಟ್ಟ ಹೆಸರಿನಲ್ಲಿ ‘ವಾದ’ ಎಂಬ ಬಾಲವಿದೆ. ಈ ಬಾಲ ನಮ್ಮ ಕಿವಿಗೆ ಏನು ಹೇಳುತ್ತದೆ? ಸಮಾಜವಾದ, ಗಾಂಧಿವಾದ, ಮಾರ್ಕ್ಸ್‌ವಾದ, ಆಶಾವಾದ, ಕೋಮುವಾದ. ಇವೆಲ್ಲ ಒಬ್ಬರು ಹಿಡಿಯಬಹುದಾದ, ಇನ್ನೊಬ್ಬರು ಬಿಡಬಹುದಾದ ನಿಲುವುಗಳು. ನ್ಯಾಯಾಲಯದಲ್ಲಿ ವಾದವಿದ್ದರೆ ಪ್ರತಿವಾದವೂ ಇರಲೇಬೇಕು, ಎರಡೂ ಕಡೆಯ ವಕೀಲರಿಗೆ ಸಮನಾದ ಹೊತ್ತು ಸಿಗಬೇಕು. ‘ವಿಕಾಸವಾದ’ ಎಂದು ಕೇಳಿದ ಹತ್ತನೆಯ ತರಗತಿಯ ಹುಡುಗಿ, ಹಾಗಾದರೆ ಎದುರುವಾದ ಯಾವುದು ಎಂದು ಕೇಳಿದರೆ ತಪ್ಪು ಅವಳದಲ್ಲ. ಸಾಪೇಕ್ಷತೆಗೂ ಹಿಂದೆ ‘ವಾದ’ ಅಂಟಿಸಿ ಬರೆದದ್ದುಂಟು. ಆದರೆ ಈಗ ಅಲ್ಲಿ ‘ಸಿದ್ಧಾಂತ’ ನೆಲೆನಿಂತಿದೆ, ಕೋಶಕ್ಕೂ ಸಿದ್ಧಾಂತವೇ ಇದೆ. ವಿಕಾಸ ಒಂದನ್ನೇ ನಾವು ವಾದದ ಕಟಕಟೆಯಲ್ಲಿ ನಿಲ್ಲಿಸಿಟ್ಟಿದ್ದೇವೆ.

ವಾದ ಎಂಬುದು ನಮ್ಮ ಶಾಸ್ತ್ರಪರಂಪರೆಯಲ್ಲಿ ಗೌರವದ ಪದ, ಸಾಂಖ್ಯರ ಸತ್ಕಾರ್ಯವಾದ, ಪರಿಣಾಮವಾದಗಳಂತೆ ಇದೂ ಒಂದು, ಅದನ್ನೇಕೆ ಕೀಳಾಗಿ ಕಾಣಬೇಕು ಎಂದು ವಿದ್ವಾಂಸರು ಆಕ್ಷೇಪಿಸಬಹುದು. ಆಕ್ಷೇಪಕ್ಕೆ ತೂಕವಿದೆ. ನ್ಯಾಯಸೂತ್ರಗಳು ಹೇಳುವ ಹದಿನಾರು ಪದಾರ್ಥಗಳಲ್ಲಿ ವಾದವೂ ಒಂದು. ಗೆಲ್ಲುವ ಹಟದ ಜಲ್ಪದಿಂದ, ಬರಿದೇ ಕೆಡಹುವ ವಿತಂಡದಿಂದ ಅದನ್ನು ಬೇರೆಮಾಡಿ, ಸತ್ಯ ತಿಳಿಯಲೆಂದು ನಡೆಸುವ ಚರ್ಚೆ ಎಂದು ಅಲ್ಲಿ ಹೇಳಿದೆ. ಆದರೆ ಅದೇ ಹದಿನಾರರ ಪಟ್ಟಿಯಲ್ಲಿ ಸಿದ್ಧಾಂತಕ್ಕೆ ಬೇರೆಯೇ ಸ್ಥಾನವಿದೆ. ವಾದ ಎಂಬುದು ನಡೆಯುತ್ತಿರುವ ಚರ್ಚೆ, ಸಿದ್ಧಾಂತ ಎಂಬುದು ನೆಲೆಗೊಂಡ ತೀರ್ಮಾನ, ‘ಸಿದ್ಧ’ವಾದದ್ದರ ‘ಅಂತ’. ಈ ಎರಡನ್ನು ಬೇರೆಬೇರೆಯಾಗಿ ಇಡುವಷ್ಟು ಸೂಕ್ಷ್ಮ ನಮ್ಮ ಹಿರಿಯರಿಗಿತ್ತು. ಇನ್ನೂ ದೊಡ್ಡ ನಿದರ್ಶನ ಖಗೋಳಶಾಸ್ತ್ರದ್ದು. ಆರನೆಯ ಶತಮಾನದಲ್ಲಿ ವರಾಹಮಿಹಿರ ತನ್ನ ಪಂಚಸಿದ್ಧಾಂತಿಕೆಯಲ್ಲಿ ಐದು ಸಿದ್ಧಾಂತಗಳನ್ನು ಎದುರುಬದುರು ಇಟ್ಟು ತೂಗಿದ. ಸೌರ ಸಿದ್ಧಾಂತ ಎಲ್ಲಕ್ಕಿಂತ ಸ್ಫುಟ, ಪೌಲಿಶ, ರೋಮಕಗಳು ಅದರ ಹಿಂದೆ, ಉಳಿದೆರಡು ಸತ್ಯದಿಂದ ದೂರ ಎಂದು ತೀರ್ಪಿತ್ತ. ಆಕಾಶಕ್ಕೆ ಹೊಂದುತ್ತದೆಯೇ ಎಂದು ಪರೀಕ್ಷಿಸಬಹುದಾದ, ಒಂದು ಇನ್ನೊಂದಕ್ಕಿಂತ ಮೇಲು ಎಂದು ಕಾರಣಸಹಿತ ಹೇಳಬಹುದಾದ ವಿವರಣೆ—ಸಿದ್ಧಾಂತ ಎಂಬ ಪದಕ್ಕೆ ಈ ಅರ್ಥ ಪಶ್ಚಿಮದಿಂದ ಬಂದದ್ದಲ್ಲ. ಸಾವಿರದೈನೂರು ವರ್ಷಗಳಿಂದ ಕೈಯಲ್ಲೇ ಇದ್ದ ಪದವನ್ನು ಬಿಟ್ಟು ವಾದವನ್ನು ಎತ್ತಿಕೊಂಡದ್ದು ನನಗೆ ನಿಜಕ್ಕೂ ದುಃಖದ ಸಂಗತಿ.

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದು ದಿಕ್ಕಿನಿಂದ ಬರುತ್ತದೆ. ಸಿದ್ಧಾಂತವೇನು ಕಳಂಕವಿಲ್ಲದ ಪದವೇ? ಪಕ್ಷಾಂತರ ಮಾಡಿದ ರಾಜಕಾರಣಿಯೂ ‘ಸಿದ್ಧಾಂತಕ್ಕಾಗಿ ಹೊರಬಂದೆ’ ಎನ್ನುತ್ತಾನೆ, ಪತ್ರಿಕೆಗಳು ‘ಸೈದ್ಧಾಂತಿಕ ಭಿನ್ನಾಭಿಪ್ರಾಯ’ ಎಂದು ಬರೆಯುತ್ತವೆ. ನಿಜ, ಈ ಪದಕ್ಕೂ ನಿಲುವು ಎಂಬ ಅರ್ಥ ಬಳಕೆಯಲ್ಲಿದೆ. ಆದರೆ ಎರಡು ವ್ಯತ್ಯಾಸಗಳಿವೆ. ಸಿದ್ಧಾಂತದಲ್ಲಿ ಸ್ಥಿರವಾದದ್ದು ಎಂಬ ಭಾವ ಇನ್ನೂ ಜೀವಂತವಾಗಿದೆ, ವಾದದಲ್ಲಿ ಅದು ಎಂದೂ ಇರಲಿಲ್ಲ. ಇನ್ನೊಂದು, ವಿಜ್ಞಾನದ ಎಲ್ಲ ಥಿಯರಿಗಳಿಗೂ ಒಂದೇ ಪದ ಬಳಸಿದರೆ ಓದುವವನು ಅವುಗಳನ್ನು ಒಂದೇ ಪಂಕ್ತಿಯಲ್ಲಿ ಕೂರಿಸುತ್ತಾನೆ. ಸಾಪೇಕ್ಷತಾ ಸಿದ್ಧಾಂತ, ಕೋಶ ಸಿದ್ಧಾಂತ, ವಿಕಾಸ ಸಿದ್ಧಾಂತ ಎಂದು ಒಟ್ಟಿಗೆ ಕೇಳಿದ ಕಿವಿಗೆ ಮೂರನೆಯದು ಮಾತ್ರ ಸಂಶಯಾಸ್ಪದ ಎನಿಸಲು ಕಾರಣವೇ ಇರುವುದಿಲ್ಲ. ಸಂಗತಿಯನ್ನಷ್ಟೇ ಹೇಳಬೇಕಾದಲ್ಲಿ ‘ಜೀವವಿಕಾಸ’ ಎಂದರೆ ಸಾಕು, ಯಾವ ಬಾಲವೂ ಬೇಡ.

ಸಿದ್ಧಾಂತಗಳು ಬಿದ್ದುಹೋದ ಇತಿಹಾಸವನ್ನೂ ಕೆಲವರು ಮುಂದಿಡುತ್ತಾರೆ. ಉರಿಯುವ ವಸ್ತುವಿನಿಂದ ಫ್ಲಾಜಿಸ್ಟನ್ ಹೊರಬರುತ್ತದೆ ಎಂದರು, ಬೆಳಕು ಸಾಗಲು ಈಥರ್ ಬೇಕೆಂದರು, ಎರಡೂ ಹೋದವು. ನಾಳೆ ಡಾರ್ವಿನ್‌ನ ಸರದಿ ಎನ್ನುತ್ತಾರೆ. ಬದಲಾಗಬಲ್ಲದು ಎಂಬುದಕ್ಕೂ ಆಧಾರವಿಲ್ಲದ್ದು ಎಂಬುದಕ್ಕೂ ನಡುವೆ ದೊಡ್ಡ ಕಂದರವಿದೆ. ಐನ್‌ಸ್ಟೈನ್ ಬಂದ ಮೇಲೂ ಚಂದ್ರಯಾನದ ಪಥದ ಲೆಕ್ಕದ ಬಹುಪಾಲು ನ್ಯೂಟನ್‌ನದೇ. 2023ರ ಆಗಸ್ಟ್ 23ರಂದು ವಿಕ್ರಮ್ ನೌಕೆ ಚಂದ್ರನ ದಕ್ಷಿಣ ಧ್ರುವದ ಸಮೀಪ ಇಳಿದದ್ದು ‘ಬಿದ್ದುಹೋದ’ ಸಿದ್ಧಾಂತದ ಹೆಗಲ ಮೇಲೆ. ಗಟ್ಟಿಯಾದ ಸಿದ್ಧಾಂತ ತನಗಿಂತ ದೊಡ್ಡದರ ಒಳಗೆ ಸೇರಿಕೊಳ್ಳುತ್ತದೆ. ಡಾರ್ವಿನ್‌ನಿಗೂ ಹಾಗೆಯೇ ಆಗಿದೆ. ಆನುವಂಶಿಕತೆ ಹೇಗೆ ನಡೆಯುತ್ತದೆ ಎಂದು ಅವನು ಊಹಿಸಿದ್ದು ತಪ್ಪಾಗಿತ್ತು. ಮೆಂಡೆಲ್‌ನ ಕೆಲಸ 1900ರಲ್ಲಿ ಮತ್ತೆ ಬೆಳಕಿಗೆ ಬಂದ ಮೇಲೆ ಅದು ತಿದ್ದುಪಡಿಯಾಯಿತು. ತಿದ್ದಿದ ಮೇಲೆ ಸಿದ್ಧಾಂತ ಇನ್ನಷ್ಟು ಬಲವಾಯಿತು. ಸ್ಟ್ರಿಂಗ್ ಥಿಯರಿಯಂತೆ ಪ್ರಯೋಗದ ಒರೆಗೆ ಇನ್ನೂ ಸಿಗದ ಗಣಿತದ ರಚನೆಗಳಿಗೂ ಭೌತವಿಜ್ಞಾನಿಗಳು ಥಿಯರಿ ಎನ್ನುತ್ತಾರೆ ಎಂಬುದು ಸರಿಯಾದ ದೂರು. ಅದು ಅವರ ಕಡೆಯ ಸಡಿಲ ಬಳಕೆ. ಅದರಿಂದ ತಿಳಿಯುವುದು ಇಷ್ಟೇ: ಹೆಸರನ್ನು ನೋಡಿ ತೂಕ ಹೇಳಲಾಗದು, ಹೆಸರಿನ ಹಿಂದಿನ ಪುರಾವೆಯನ್ನು ಕೇಳಬೇಕು. ‘ಬರೀ ಥಿಯರಿ’ ಎನ್ನುವವರು ಕೇಳದೆ ಉಳಿಯುವುದು ಈ ಪ್ರಶ್ನೆಯನ್ನೇ.

ಪದದ ಬಗ್ಗೆ ಇಷ್ಟು ಹಟ ಏಕೆ, ಸಂದರ್ಭದಿಂದ ಜನ ಅರ್ಥ ಮಾಡಿಕೊಳ್ಳುತ್ತಾರೆ ಎಂದು ಸಮಾಧಾನದ ದನಿಯವರು ಹೇಳುತ್ತಾರೆ. ನಡೆದದ್ದು ಹಾಗಲ್ಲ. ಅಮೆರಿಕದ ಜಾರ್ಜಿಯಾ ರಾಜ್ಯದ ಕಾಬ್ ಕೌಂಟಿಯಲ್ಲಿ 2002ರಲ್ಲಿ ಜೀವಶಾಸ್ತ್ರದ ಪಠ್ಯಪುಸ್ತಕಗಳಿಗೆ, ವಿಕಾಸವು ಥಿಯರಿಯೇ ಹೊರತು ಸತ್ಯಸಂಗತಿಯಲ್ಲ ಎಂಬ ಚೀಟಿ ಅಂಟಿಸಲಾಯಿತು. 2005ರಲ್ಲಿ ನ್ಯಾಯಾಲಯ ಅದನ್ನು ಕಿತ್ತುಹಾಕಲು ಆದೇಶಿಸಬೇಕಾಯಿತು. ನಮ್ಮಲ್ಲಿ 2018ರ ಜನವರಿಯಲ್ಲಿ ಕೇಂದ್ರದ ಮಾನವ ಸಂಪನ್ಮೂಲ ಖಾತೆಯ ರಾಜ್ಯ ಸಚಿವರಾಗಿದ್ದ ಸತ್ಯಪಾಲ್ ಸಿಂಗ್, ಮಂಗ ಮನುಷ್ಯನಾದದ್ದನ್ನು ಯಾರೂ ನೋಡಿಲ್ಲ, ಡಾರ್ವಿನ್‌ನ ಥಿಯರಿ ತಪ್ಪು, ಪಠ್ಯದಿಂದ ಅದನ್ನು ಬದಲಿಸಬೇಕು ಎಂದರು. ಬೆಂಗಳೂರಿನ ಭಾರತೀಯ ವಿಜ್ಞಾನ ಅಕಾಡೆಮಿಯೂ ಸೇರಿದಂತೆ ದೇಶದ ಮೂರು ವಿಜ್ಞಾನ ಅಕಾಡೆಮಿಗಳು ಒಟ್ಟಾಗಿ ಅದನ್ನು ಅಲ್ಲಗಳೆದವು. ಐದು ವರ್ಷದ ನಂತರ, ಎನ್‌ಸಿಇಆರ್‌ಟಿಯ ಹತ್ತನೆಯ ತರಗತಿಯ ಪುಸ್ತಕದಲ್ಲಿ ‘ಆನುವಂಶಿಕತೆ ಮತ್ತು ವಿಕಾಸ’ ಎಂದಿದ್ದ ಅಧ್ಯಾಯ ಬರೀ ‘ಆನುವಂಶಿಕತೆ’ ಆಯಿತು. 1800ಕ್ಕೂ ಹೆಚ್ಚು ವಿಜ್ಞಾನಿಗಳು, ಶಿಕ್ಷಕರು ಸಹಿ ಹಾಕಿ ಪ್ರತಿಭಟಿಸಿದರು. ಪಠ್ಯದ ಹೊರೆ ಇಳಿಸಲು ಎಂದು ಎನ್‌ಸಿಇಆರ್‌ಟಿಯವರು ಕಾರಣ ಕೊಟ್ಟರು. ಹೊರೆ ಇಳಿಸಬೇಕಿದ್ದರೆ ಇಡೀ ಜೀವಶಾಸ್ತ್ರವನ್ನು ಹೊತ್ತು ನಿಂತ ಕಂಬವನ್ನೇ ಏಕೆ ಆರಿಸಿದರು? ಅದು ಕಂಬವೆಂದು ಕಾಣದೆ ‘ಒಂದು ವಾದ’ವೆಂದು ಕಂಡರೆ ಮಾತ್ರ ಅದನ್ನು ತೆಗೆಯುವುದು ಅಷ್ಟು ಸುಲಭ. ಹತ್ತನೆಯ ತರಗತಿಯ ನಂತರ ಬಹುಪಾಲು ಮಕ್ಕಳು ಜೀವಶಾಸ್ತ್ರವನ್ನು ಮತ್ತೆ ಓದುವುದಿಲ್ಲ.

ಬೆಳ್ಳಾವೆ ವೆಂಕಟನಾರಣಪ್ಪನವರು 1918ರಲ್ಲಿ ‘ವಿಜ್ಞಾನ’ ಮಾಸಪತ್ರಿಕೆ ಹೊರಡಿಸಿದಾಗ ಕನ್ನಡದಲ್ಲಿ ವಿಜ್ಞಾನಕ್ಕೆ ಬೇಕಾದ ಬಹಳ ಪದಗಳು ಇರಲಿಲ್ಲ. ಅವರೂ ಅವರ ಸಂಗಡಿಗರೂ ಪದಗಳನ್ನು ಟಂಕಿಸಿ ದಾರಿ ಮಾಡಿದರು. ನಮಗೆ ಆ ಕಷ್ಟವೂ ಇಲ್ಲ. ಬೇಕಾದ ಪದ ಸಿದ್ಧವಾಗಿಯೇ ಇದೆ. ಮುಂದಿನ ಮುದ್ರಣದಲ್ಲಿ ಪಠ್ಯಪುಸ್ತಕ ಸಮಿತಿಯವರು, ನಿಘಂಟು ಮಾಡುವವರು, ಪತ್ರಿಕೆಯ ಉಪಸಂಪಾದಕರು ‘ವಾದ’ ಎಂದಿರುವಲ್ಲಿ ಗೆರೆ ಎಳೆದು ‘ಸಿದ್ಧಾಂತ’ ಎಂದು ಬರೆಯಬೇಕು. ತರಗತಿಯಲ್ಲಿ ಯಾವ ಮಗುವಾದರೂ ‘ಅದು ಬರೀ ಥಿಯರಿ ಅಲ್ಲವೇ ಸರ್’ ಎಂದು ಕೇಳಿದಾಗ ಮೇಷ್ಟ್ರು ಕಪ್ಪುಹಲಗೆಯ ಮೇಲೆ ಬುಧ ಗ್ರಹದ ಪಥವನ್ನು ಬರೆದು, ಅದರ ಪಕ್ಕದಲ್ಲಿ ಹತ್ತಿಯ ಕಾಯೊಂದನ್ನೂ ಅದರೊಳಗಿನ ಹುಳುವನ್ನೂ ಬರೆಯಲಿ.